ಎಡಗೈಯ ಕಸುಬು

ಹತ್ತಿಮತ್ತೂರಿನ ಕಡೆ ಭಜನೆಗೆ ಕೂತರೆ ಜನರ ಕಣ್ಣು ಮೊದಲು ಹಾಡುವವನ ಮೇಲೆ, ಆಮೇಲೆ ಪೇಟಿಯವನ ಮೇಲೆ. ತಬಲಾದವನ ಬಲಗೈಗೂ ಒಂದಿಷ್ಟು ಶಹಬ್ಬಾಸ್‌ಗಿರಿ ಸಿಗುತ್ತದೆ. ಎಡಗೈ ಕೆಳಗಿನ ಡಗ್ಗಾವನ್ನು ಹೊಗಳಿದವರು ಕಡಿಮೆ. ನನಗೋ ಅದರದೇ ಹುಚ್ಚು.

ತಬಲಾದ ಕರಣೆ, ಅಂದರೆ ಚರ್ಮದ ಮೇಲಿನ ಕಪ್ಪು ಬೊಟ್ಟು, ನಟ್ಟನಡುವೆ ಇದ್ದರೆ ಡಗ್ಗಾದ್ದು ಒಂದು ಬದಿಗೆ ಸರಿದಿರುತ್ತದೆ. ಉಳಿದ ಜಾಗ ಅಂಗೈ ಬುಡ ಊರಲಿಕ್ಕೆ. ಬೆರಳಿಂದ ನುಡಿಸಿ, ಮಣಿಕಟ್ಟನ್ನು ಒತ್ತಿ ಮುಂದೆ ಜಾರಿಸಿದರೆ ನಾದ ಹಂಚಿನ ಮೇಲಿನ ರೊಟ್ಟಿಯಂತೆ ಉಬ್ಬಿ ಬರುತ್ತದೆ. ಒತ್ತು ಹೆಚ್ಚಾದರೆ ಉಸಿರು ಕಟ್ಟುತ್ತದೆ, ಕಡಿಮೆಯಾದರೆ ಬರೀ ಸದ್ದು.

ಶ್ರಾವಣದಲ್ಲಿ ಇವತ್ತು ಈ ಊರು, ನಾಳೆ ಪಕ್ಕದೂರು. ಹಾಡುವವ ಕಪ್ಪು ಎರಡಕ್ಕೆ ಎತ್ತುತ್ತಾನೋ ಬಿಳಿ ನಾಲ್ಕಕ್ಕೋ, ಶರೀಫರ ಪದವೋ ದಾಸರದೋ, ಮೊದಲೇ ಹೇಳುವ ರೂಢಿಯಿಲ್ಲ. ಪಲ್ಲವಿ ಮುಗಿಯುವುದರೊಳಗೆ ಅವನ ನಡೆ ಹಿಡಿಯಬೇಕು.

ನುಡಿಸುವುದಕ್ಕಿಂತ ಬಿಡುವುದರಲ್ಲೇ ನನಗೆ ರುಚಿ ಹೆಚ್ಚು. ತೀನ್‌ತಾಲದ 16 ಮಾತ್ರೆಯ ಠೇಕಾದಲ್ಲಿ 10ರಿಂದ 13ರವರೆಗೆ ಡಗ್ಗಾ ಸುಮ್ಮನಿರುತ್ತದೆ, 14ಕ್ಕೆ ಮರಳುತ್ತದೆ. ಸಮಕ್ಕೆ, ಅಂದರೆ ಮುಂದಿನ ಸುತ್ತಿನ ಮೊದಲ ಮಾತ್ರೆಗೆ, ಇನ್ನು ಮೂರೇ ಮಾತ್ರೆ ಎಂದು ಹಾಡುಗಾರನಿಗೆ ಕೊಟ್ಟ ಸನ್ನೆ ಅದು. ತಾನದಲ್ಲಿ ಎಷ್ಟು ದೂರ ಹೋಗಿದ್ದರೂ ಅವನು ಅಲ್ಲಿ ಮನೆಯ ದಾರಿ ಹಿಡಿಯುತ್ತಾನೆ.

ಚಿಕಾಗೊದ ವಿಲ್ಲಿ ಡಿಕ್ಸನ್ (1915–1992) ಈ ಗುಟ್ಟು ಬಲ್ಲವನು. ಮೊದಲು ಬಾಕ್ಸಿಂಗ್ ಆಡುತ್ತಿದ್ದ ಆ ದೈತ್ಯ, ಚೆಸ್ ಎಂಬ ರೆಕಾರ್ಡ್ ಕಂಪನಿಯ ಸ್ಟುಡಿಯೋದಲ್ಲಿ ಯಾರ್ಯಾರದೋ ಬ್ಲೂಸ್ ಹಾಡುಗಳಿಗೆ ಬಾಸ್ ಮೀಟಿದ. 1954ರಲ್ಲಿ ಮಡ್ಡಿ ವಾಟರ್ಸ್ ಹಾಡಿದ ‘ಹೂಚಿ ಕೂಚಿ ಮ್ಯಾನ್’ ಡಿಕ್ಸನ್ನನದೇ ರಚನೆ. ಅದರಲ್ಲಿ ವಾದ್ಯಗಳೆಲ್ಲ ಒಂದು ಪೆಟ್ಟು ಕೊಟ್ಟು ತಟಸ್ಥವಾಗುತ್ತವೆ. ಆ ತೆರವಿನಲ್ಲಿ ಗಾಯಕ ಮಾತು ಹಾಕುತ್ತಾನೆ. ಹೆಸರು ಮಡ್ಡಿಯದಾಯಿತು, ಜಾಗ ಬಿಟ್ಟುಕೊಟ್ಟವನು ಡಿಕ್ಸನ್.

ನಮ್ಮ ಹಾನಗಲ್ಲಿನ ಹೆಸರು ಹೊತ್ತ ಗಾಯಕಿ ಗಂಗೂಬಾಯಿಯವರ (1913–2009) ಹಿಂದೆ ಮಗಳು ಕೃಷ್ಣಾ ದಶಕಗಳ ಕಾಲ ಕೂತು ದನಿಗೂಡಿಸಿದರು. ಮನೆಯವರೇ ಆದ ಶೇಷಗಿರಿ ಹಾನಗಲ್ ತಬಲಾ ನುಡಿಸಿದರು. ಅಮ್ಮ ಉಸಿರೆಳೆದುಕೊಳ್ಳುವ ಹೊತ್ತಿಗೆ ಸ್ವರ ಬೀಳದಂತೆ ಹಿಡಿಯುವುದು, ಅಮ್ಮ ಮತ್ತೆ ಎತ್ತುವ ಮೊದಲೇ ಹಿಂದೆ ಸರಿಯುವುದು. ಇದೂ ಒಂದು ಪಾಂಡಿತ್ಯ.

ಮಂಗಳಾರತಿ ಮುಗಿದ ಮೇಲೆ ಶಾಲು ಹಾಡಿದವನಿಗೇ. ಸಾಥಿದಾರನಿಗೆ ಸಿಗುವುದು ಬೇರೆ. ಚೀಲ ಕಟ್ಟುವಾಗ ಆ ಹಾಡಿದವನೇ ಹತ್ತಿರ ಬಂದು, “ನಾಳಿ ಯಲವಿಗ್ಯಾಗ ಐತಿ, ನೀನ ಬರಬೇಕ ನೋಡಪಾ” ಅನ್ನುತ್ತಾನೆ. ಈ ಕಸುಬಿನಲ್ಲಿ ಬಡ್ತಿ ಅಂದರೆ ಅದೇ.