ಎರಡು ಮಾತಿನ ಪೋಸ್ಟ್‌ಮ್ಯಾನ್

ಈ ಸಲದ ವಾರ್ಷಿಕೋತ್ಸವದ ನಾಟಕದಲ್ಲಿ ನನಗೆ ಮೊದಲು ಸಿಕ್ಕಿದ್ದು ವಕೀಲನ ಪಾತ್ರ. ಮಾತುಗಳನ್ನೆಲ್ಲ ಬಾಯಿಪಾಠ ಮಾಡಿಕೊಂಡಿದ್ದೆ. ಇನ್ನು ನಾಲ್ಕೇ ದಿನ ಇರುವಾಗ, ನಾಟಕ ಉದ್ದವಾಯಿತೆಂದು ಆ ದೃಶ್ಯವನ್ನೇ ತೆಗೆದರು. ನನಗೆ ಉಳಿದದ್ದು ಪೋಸ್ಟ್‌ಮ್ಯಾನ್ ಪಾತ್ರ. ಇರುವುದು ಎರಡೇ ಮಾತು. ಮನೆಗೆ ಬಂದವನೇ ಬ್ಯಾಗ್ ಮೂಲೆಗೆ ಹಾಕಿ, "ನಾಳೆಯಿಂದ ನಾಟಕಕ್ಕೆ ಹೋಗಲ್ಲ" ಎಂದೆ.

ಊಟ ಮಾಡುತ್ತಿದ್ದ ಅಬ್ಬ ತಲೆ ಎತ್ತಿ, "ನಿಮ್ಮ ಇರ್ಫಾನ್ ಖಾನ್ ನಮಗೆ ಬದ್ರಿನಾಥ್ ಆಗಿದ್ದ, ಗೊತ್ತೇನೋ?" ಎಂದರು.

ಆಗ ನನಗೆ ಹಳೆಯದೊಂದು ನೆನಪಾಯಿತು. 2020ರ ಏಪ್ರಿಲ್ 29, ಲಾಕ್‌ಡೌನ್ ನಡುವಿನ ರಂಜಾನ್. ಇಫ್ತಾರ್‌ಗೆ ಕುಳಿತಾಗ ಅಬ್ಬ, "ಬದ್ರಿನಾಥ್ ಹೋಗಿಬಿಟ್ಟ" ಎಂದಿದ್ದರು. ಏಳನೇ ಕ್ಲಾಸಿನಲ್ಲಿದ್ದ ನಾನು, ನಮ್ಮ ಗಲ್ಲಿಯವರು ಯಾರೋ ತೀರಿಕೊಂಡರು ಅಂದುಕೊಂಡಿದ್ದೆ!

ಬದ್ರಿನಾಥ್ ಎಂದರೆ ತೊಂಬತ್ತರ ದಶಕದಲ್ಲಿ ದೂರದರ್ಶನದಲ್ಲಿ ಬರುತ್ತಿದ್ದ 'ಚಂದ್ರಕಾಂತಾ' ಧಾರಾವಾಹಿಯ, ವೇಷ ಮರೆಸುವ ಗೂಢಚಾರ. ಕಥಾನಾಯಕನಲ್ಲ. ಅಬ್ಬನ ಗೆಳೆಯರೆಲ್ಲ ಅನುಕರಣೆ ಮಾಡುತ್ತಿದ್ದದ್ದೂ ಅಖಿಲೇಂದ್ರ ಮಿಶ್ರಾ ಮಾಡಿದ ಕ್ರೂರ್‌ಸಿಂಗ್‌ನನ್ನಂತೆ.

ಆ ರಾತ್ರಿ ಇರ್ಫಾನ್ ಬಗ್ಗೆ ಹುಡುಕಿ ಓದಿದೆ. ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಓದುತ್ತಿದ್ದಾಗಲೇ ಮೀರಾ ನಾಯರ್ ಅವರನ್ನು 'ಸಲಾಂ ಬಾಂಬೆ' ಚಿತ್ರಕ್ಕೆ ಆರಿಸಿದ್ದರು. ಆದರೆ ದೊಡ್ಡ ಪಾತ್ರ ಕೊನೆಯ ಗಳಿಗೆಯಲ್ಲಿ ಕೈತಪ್ಪಿತು. 1988ರಲ್ಲಿ ತೆರೆಗೆ ಬಂದ ಆ ಚಿತ್ರದಲ್ಲಿ ಅವರಿಗೆ ಉಳಿದದ್ದು, ರಸ್ತೆಬದಿಯಲ್ಲಿ ಕುಳಿತು ಬೇರೆಯವರ ಕಾಗದ ಬರೆದುಕೊಡುವವನ ಪುಟ್ಟ ಪಾತ್ರ. ಅವರು ಅತ್ತುಬಿಟ್ಟರಂತೆ. ಓದಿ ನನಗೆ ಸ್ವಲ್ಪ ಸಮಾಧಾನವಾಯಿತು.

ಆಮೇಲೆ ಹತ್ತು ವರ್ಷಕ್ಕೂ ಹೆಚ್ಚು ಕಾಲ ಟಿ.ವಿ.ಯೇ ಅವರ ದುಡಿಮೆ. 'ಚಾಣಕ್ಯ'ದಲ್ಲಿ ಸೇನಾಪತಿ ಭದ್ರಶಾಲ, 'ಕಹಕಶಾಂ'ನಲ್ಲಿ ಉರ್ದು ಕವಿ ಮಖ್ದೂಮ್ ಮೊಹಿಯುದ್ದೀನ್. ಹೀಗೆ ಒಂದರ ಹಿಂದೆ ಒಂದು. 2001ರ 'ದಿ ವಾರಿಯರ್' ಚಿತ್ರದಲ್ಲಿ ಮುಖ್ಯ ಪಾತ್ರ ಸಿಕ್ಕಿತು. ಅಂದು ಪಾತ್ರ ಕಡಿಮೆ ಮಾಡಿದ ಮೀರಾ ನಾಯರ್ ಅವರೇ 2006ರಲ್ಲಿ 'ದಿ ನೇಮ್‌ಸೇಕ್'ನಲ್ಲಿ ತಂದೆಯ ಪಾತ್ರ ಕೊಟ್ಟರು. ಮುಂದೆ ಪದ್ಮಶ್ರೀ, 'ಪಾನ್ ಸಿಂಗ್ ತೋಮರ್'ಗೆ ರಾಷ್ಟ್ರಪ್ರಶಸ್ತಿ.

"ಎಲ್ಲರೂ ಇರ್ಫಾನ್ ಆಗುತ್ತಾರಾ ಅಬ್ಬ?" ಎಂದು ಬೆಳಿಗ್ಗೆ ಕೇಳಿದೆ.

"ಇಲ್ಲ. ಅವನೂ ಆಗದೇ ಇರಬಹುದಿತ್ತು. ಆದರೆ ನಾವು ಬದ್ರಿನಾಥ್‌ನನ್ನು ಆಗಲೇ ಇಷ್ಟಪಟ್ಟಿದ್ದೆವಲ್ಲ" ಎಂದರು.

ನಾನು ತಾಲೀಮಿಗೆ ವಾಪಸ್ ಹೋದೆ. ನಮ್ಮ ಬೀದಿಗೆ ಬರುವ ಅಂಚೆಯಣ್ಣ ಹೇಗೆ ಸೈಕಲ್ ನಿಲ್ಲಿಸುತ್ತಾರೆ, ಹೇಗೆ ಕಾಗದ ತೆಗೆಯುತ್ತಾರೆ ಎಂದು ಎರಡು ದಿನ ನೋಡಿದೆ. ನಾಟಕದ ದಿನ ಎರಡು ಮಾತು ಹೇಳಿ, ಕಾಗದ ಕೊಟ್ಟು ಒಳಗೆ ಬಂದೆ. ಚಪ್ಪಾಳೆಯೇನೂ ಬರಲಿಲ್ಲ. ಬೇಜಾರಾಯಿತು, ಸುಳ್ಳು ಹೇಳುವುದಿಲ್ಲ.

ಮರುದಿನ ಕ್ಯಾಂಟೀನಿಗೆ ಹೋದಾಗ, ಇಷ್ಟು ದಿನ ನನ್ನ ಹೆಸರು ಕೇಳದ ಅಣ್ಣ ಕರೆದರು: "ಏನ್ ಪೋಸ್ಟ್‌ಮ್ಯಾನ್, ಟೀ ಕೊಡ್ಲಾ?"