ಹಿಂದೆಯೇ ಬಂದ ಹೊಳೆ

ವಾರಕ್ಕೆರಡು ಸಲ, ಅದೂ ಹೊತ್ತಲ್ಲದ ಹೊತ್ತಿನಲ್ಲಿ, ನಮ್ಮ ಮನೆಯ ಸಂಪಿನೊಳಗೆ ತೀರ್ಥೋದ್ಭವವಾಗುತ್ತದೆ. ಮೊದಲು ಪೈಪು ಕೆಮ್ಮುತ್ತದೆ. ಆಮೇಲೆ ಬುಸ್ಸೆಂದು ಗಾಳಿ, ಒಂದು ಬಕೆಟ್ಟಿನಷ್ಟು ಕೆಂಪು ನೀರು, ಕೊನೆಗೆ ಕಾವೇರಿ. ತಲಕಾವೇರಿಯಲ್ಲಾದರೆ ತುಲಾ ಸಂಕ್ರಮಣದ ಮುಹೂರ್ತ ಮೊದಲೇ ಗೊತ್ತಿರುತ್ತದೆ. ಸಿಂಗಾಪುರದಲ್ಲಿ ಅದು ವಾಲ್ವ್ ತಿರುಗಿಸುವವನೊಬ್ಬನಿಗೇ ಗೊತ್ತು. ಹಿಂದೆ ಕೆರೆಯ ತೂಬು ಎತ್ತುತ್ತಿದ್ದ ನೀರುಗಂಟಿಯ ಮೊಮ್ಮಗನಿರಬೇಕು ಇವನು, ಗತ್ತು ಅದೇ.

ನಾನು ಹೇಳುತ್ತಿರುವುದು ವಿದ್ಯಾರಣ್ಯಪುರದ ಪಕ್ಕದ ಸಿಂಗಾಪುರ. ಇಲ್ಲಿಗೆ ಬರಲು ಪಾಸ್‌ಪೋರ್ಟ್ ಬೇಡ, ಬಸ್ ಪಾಸ್ ಸಾಕು. ಆದರೂ ಆ ಸಿಂಗಾಪುರಕ್ಕೂ ನಮಗೂ ಒಂದು ನಂಟಿದೆ: ಇಬ್ಬರದೂ ತರಿಸಿಕೊಂಡ ನೀರು. ಅವರು 1962ರ ಒಪ್ಪಂದದ ಪ್ರಕಾರ ಮಲೇಷ್ಯಾದ ಜೋಹೋರ್ ನದಿಯಿಂದ ನೀರು ಪಡೆಯುತ್ತಾರೆ. ಒಪ್ಪಂದ ಮುಗಿಯುವುದು 2061ಕ್ಕೆ. ನಮ್ಮ ನೀರು ಬರುವುದು ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಯಿಂದ, ನೂರು ಕಿಲೋಮೀಟರಿಗೂ ಮಿಕ್ಕಿದ ದಾರಿ. ಅದೂ ಏರುದಾರಿ. ತೊರೆಕಾಡನಹಳ್ಳಿ, ಹಾರೋಹಳ್ಳಿ, ತಾತಗುಣಿ ಎಂದು ಮೂರು ಕಡೆ ಪಂಪುಗಳು ನೂಕಿ ನೂಕಿ, ಒಟ್ಟು ಅರ್ಧ ಕಿಲೋಮೀಟರಿನಷ್ಟು ಮೇಲಕ್ಕೆತ್ತುತ್ತವೆ. ಇಳಿದು ಹೋಗುವುದು ನೀರಿನ ಗುಣ. 1974ರಿಂದ ಬೆಂಗಳೂರು ಅದಕ್ಕೆ ಬೆಟ್ಟ ಹತ್ತುವುದನ್ನು ಕಲಿಸುತ್ತಿದೆ.

ನನ್ನ ಹುಟ್ಟೂರು ತಿರುಮಕೂಡಲು ನರಸೀಪುರ. ಕಪಿಲೆ ಬಂದು ಕಾವೇರಿಯನ್ನು ಕೂಡುವ ಜಾಗ. ನಕ್ಷೆಯಲ್ಲಿ ಅವಳನ್ನು ಕಬಿನಿ ಎಂದು ಬರೆದಿರುತ್ತಾರೆ. ಕಣ್ಣಿಗೆ ಕಾಣದ ಸ್ಫಟಿಕ ಸರೋವರವನ್ನೂ ಸೇರಿಸಿಕೊಂಡು ನಾವು ಅದನ್ನು ತ್ರಿವೇಣಿ ಮಾಡಿಕೊಂಡಿದ್ದೇವೆ. ನಮ್ಮ ಗುಂಜಾ ನರಸಿಂಹಸ್ವಾಮಿಯ ದೆಸೆಯಿಂದ ಊರು ಕಾಶಿಗಿಂತ ಒಂದು ಗುಲಗಂಜಿ ತೂಕ ಹೆಚ್ಚು ಎಂಬ ಪ್ರತೀತಿಯೂ ಇದೆ. ಇಂಥ ಊರು ಬಿಟ್ಟು ಬಂದವನಿಗೆ ಸಿಂಗಾಪುರದಲ್ಲಿ ಸಿಕ್ಕಿದ್ದು ಬೋರ್‌ವೆಲ್ ನೀರು. ಬೇಳೆ ಬೇಯದು, ಸೋಪು ನೊರೆ ಬಾರದು, ಗೀಸರಿನೊಳಗೆ ಸುಣ್ಣದ ಗೋಪುರ. 2024ರ ಬೇಸಿಗೆಯಲ್ಲಿ ಅದೂ ಕೈಕೊಟ್ಟು, ಟ್ಯಾಂಕರಿನವರು ಫೋನ್ ಎತ್ತಿದರೆ ಪುಣ್ಯ ಎಂಬ ಸ್ಥಿತಿ ಬಂತು.

ಕೊನೆಗೆ ಒಂದು ದಿನ ಕಾವೇರಿ ನಲ್ಲಿಗೆ ಬಂದಳು. ಹೆಂಡತಿ ಕುಕ್ಕರಿನ ಮುಚ್ಚಳ ತೆಗೆದು ಬೇಳೆಯನ್ನು ಸೌಟಿನಿಂದ ಹಿಸುಕಿ ನೋಡಿ, 'ನೋಡ್ರೀ, ನಿಮ್ಮೂರಿನ ಹೊಳೆ ನಿಮ್ಮ ಹಿಂದೆನೇ ಬಂದುಬಿಡ್ತು' ಅಂದಳು. ತಮಾಷೆಗೆ ಅಂದದ್ದು. ಆದರೆ ನಕ್ಷೆ ಹರಡಿ ನೋಡಿದರೆ ಅಕ್ಷರಶಃ ನಿಜ. ನರಸೀಪುರ ದಾಟಿದ ನೀರೇ ಶಿವನಸಮುದ್ರದ ಬಳಿ ಕಾಲುವೆಗೆ ತಿರುಗಿ, ನೆಟ್ಕಲ್ಲಿನ ಜಲಾಶಯ ಹೊಕ್ಕು, ತೊರೆಕಾಡನಹಳ್ಳಿಯಲ್ಲಿ ಸೋಸಿಕೊಂಡು ಇಲ್ಲಿಗೆ ಬರುತ್ತದೆ. ಅಂದಿನಿಂದ ಒಂದು ಲೋಟ ನೀರು ಕುಡಿಯುವಾಗಲೂ ನನಗೆ ಭೂಗೋಳ ನೆನಪಾಗುತ್ತದೆ. ಕೊಡಗಿನ ಹಾರಂಗಿ, ಮೂಡಿಗೆರೆ ಸೀಮೆಯ ಹೇಮಾವತಿ, ಬ್ರಹ್ಮಗಿರಿಯ ಲಕ್ಷ್ಮಣತೀರ್ಥ, ವಯನಾಡಿನಿಂದ ಇಳಿದ ಕಪಿಲೆ: ಎಲ್ಲರೂ ಆ ಲೋಟದಲ್ಲಿದ್ದಾರೆ. ಶಿಂಷೆ ಮಾತ್ರ ಇಲ್ಲ. ಅವಳು ಶಿವನಸಮುದ್ರದಿಂದ ಕೆಳಗೆ ಸೇರುವವಳು.

ಈ ಪುರಾಣವನ್ನು ಪಕ್ಕದ ಮನೆಯ ತಾತನಿಗೆ ಹೇಳಿದೆ. ಅವರು ಇಲ್ಲಿನ ಮೂಲದವರು, ಲೇಔಟ್ ಆಗುವ ಮುಂಚೆ ರಾಗಿ ಬೆಳೆದವರು. ಪೂರ್ತಿ ಕೇಳಿಸಿಕೊಂಡು, 'ಅಲ್ಲ ಮೇಷ್ಟ್ರೇ, ಅಷ್ಟು ದೂರದಿಂದ ಯಾಕೆ ತರ್ಬೇಕು? ನಮ್ ಅರ್ಕಾವತಿ ಇಲ್ಲೇ ಇದ್ದಳಲ್ಲ' ಅಂದರು.

ನಾನು ಸುಮ್ಮನಾದೆ. ನಂದಿಬೆಟ್ಟದಲ್ಲಿ ಹುಟ್ಟುವ ಅರ್ಕಾವತಿ ದೊಡ್ಡಬಳ್ಳಾಪುರದ ಮೇಲೆ ಹಾದು ಹೆಸರಘಟ್ಟಕ್ಕೆ ಬರುತ್ತಾಳೆ. ನಮ್ಮ ಮನೆಯಿಂದ ಸ್ಕೂಟರಿನಲ್ಲಿ ಹೋಗಿಬರುವ ದೂರ. ಶೇಷಾದ್ರಿ ಅಯ್ಯರ್ ದಿವಾನರಾಗಿದ್ದಾಗ, 1890ರ ದಶಕದಲ್ಲಿ, ಬೆಂಗಳೂರಿಗೆ ಮೊದಲ ನಲ್ಲಿ ನೀರು ಹೋದದ್ದು ಅಲ್ಲಿಂದಲೇ, ಸೋಲದೇವನಹಳ್ಳಿಯಲ್ಲಿ ಉಗಿಯಂತ್ರ ಹಾಕಿ. ಅದು ಸಾಲದೆ 1933ರಲ್ಲಿ ತಿಪ್ಪಗೊಂಡನಹಳ್ಳಿ. ಅದೂ ಅರ್ಕಾವತಿಯೇ. ಕಾವೇರಿಯ ಮಗಳು ಹಲವು ದಶಕ ಊರಿಗೆ ನೀರು ಹೊತ್ತಳು. ಅವಳ ದಾರಿಯಲ್ಲಿ ನಾವು ಬೋರು ಕೊರೆದೆವು, ನೀಲಗಿರಿ ನೆಟ್ಟೆವು, ಕಾಲುವೆ ಮುಚ್ಚಿ ಸೈಟು ಮಾಡಿದೆವು. ಮಗಳು ಸೊರಗಿದ ಮೇಲೆ ಮುದುಕಿ ತಾಯಿಯನ್ನು ಬೆಟ್ಟ ಹತ್ತಿಸಿದೆವು. ಇದು ನನ್ನ ತೀರ್ಪು. ತಾತನದು ಇನ್ನೂ ಕಟುವಾಗಿತ್ತು, ಬರೆಯುವಂತಿಲ್ಲ.

ನಮ್ಮ ಕಡೆಯ ದಿಣ್ಣೆಯೂ ವಿಚಿತ್ರ. ಮಳೆ ನೀರು ಹೆಸರಘಟ್ಟದ ಕಡೆ ಇಳಿದರೆ ಅರ್ಕಾವತಿ, ಅಂದರೆ ಕಾವೇರಿ. ಯಲಹಂಕ, ಜಕ್ಕೂರಿನ ಕಡೆ ಇಳಿದರೆ ದಕ್ಷಿಣ ಪಿನಾಕಿನಿ; ಅದು ಕಡಲೂರಿನ ಹತ್ತಿರ ಸಮುದ್ರ ಸೇರುತ್ತದೆ. ಬೆಂಗಳೂರಿನ ಮೂರರಲ್ಲಿ ಒಂದು ಪಾಲು ಮಾತ್ರ ಕಾವೇರಿ ಕೊಳ್ಳದಲ್ಲಿದೆ ಎಂದು ಕಾವೇರಿ ಜಲವಿವಾದದ ನ್ಯಾಯಮಂಡಳಿ ಲೆಕ್ಕ ಹಾಕಿದ್ದು ಈ ದಿಣ್ಣೆಯನ್ನು ನೋಡಿಯೇ. 2018ರ ಫೆಬ್ರವರಿಯಲ್ಲಿ ಸುಪ್ರೀಂ ಕೋರ್ಟು ಬಾಯಾರಿಕೆಗೆ ದಿಣ್ಣೆಯ ಹಂಗಿಲ್ಲವೆಂದು ಇಡೀ ನಗರಕ್ಕಾಗಿ 4.75 ಟಿಎಂಸಿ ಹೆಚ್ಚಿಗೆ ಕೊಟ್ಟಿತು.

ಮೊನ್ನೆ ತಾತ ಮನೆಗೆ ಬಂದಾಗ ಹೆಂಡತಿ ಒಂದು ಲೋಟ ನೀರು ಕೊಟ್ಟಳು. ಕುಡಿದು, 'ಇದರಲ್ಲಿ ನಮ್ಮವಳು ಒಂದು ಹನಿಯಾದರೂ ಇದ್ದಾಳಾ?' ಎಂದು ಕೇಳಿದರು. ಇಲ್ಲ. ಅರ್ಕಾವತಿ ಕಾವೇರಿಯನ್ನು ಸೇರುವುದು ಕನಕಪುರದಾಚೆಯ ಸಂಗಮದಲ್ಲಿ, ನಮಗೆ ನೀರೆತ್ತುವ ಜಾಗದಿಂದ ಬಹಳ ಕೆಳಗೆ.