ಪುರಾಣಕ್ಕೆ ಭೂಮಿಯ ಸಾಕ್ಷ್ಯ

ಪರಶುರಾಮನಿಗಂಜಿ ಕಡಲು ಹಿಂಜರಿದುದು ನಿಜವೇ ಎಂದು ಮೊಮ್ಮಕ್ಕಳು ಕೇಳುತ್ತಾರೆ. ಸುಳ್ಳೆಂದರೆ ಹಿರಿಯರ ಮಾತು ಹಗುರವಾದೀತು. ದಿಟವೆಂದರೆ ಮಕ್ಕಳ ಬುದ್ಧಿಗೆ ಅಪಚಾರವಾದೀತು. ಈ ಸಂಕಟದಲ್ಲಿ ನಮಗೆ ನೆರವಾದುದು, 1968ರಲ್ಲಿ ಅಮೆರಿಕದ ಭೂವಿಜ್ಞಾನಿ ಡೊರೊತಿ ವಿಟಾಲಿಯಾನೊ ಎಂಬಾಕೆ ‘ಜಿಯೋಮಿಥಾಲಜಿ’ ಎಂದು ಹೆಸರಿಟ್ಟ ಶಾಸ್ತ್ರ, ನಾವಿದನ್ನು ಭೂಪುರಾಣಶಾಸ್ತ್ರವೆನ್ನುವೆವು.

ಅಮೆರಿಕದ ಆರೆಗನ್ ಪ್ರಾಂತದ ಮೂಲನಿವಾಸಿಗಳಾದ ಕ್ಲಾಮತ್ ಜನರ ಕಥೆಯಂತೆ, ಪಾತಾಳದೊಡೆಯನೂ ಆಕಾಶದೊಡೆಯನೂ ಕಾದಾಡಲು, ಪರ್ವತವೊಂದು ಕುಸಿದು ಸರೋವರವಾಯಿತು. ಅಲ್ಲಿಯ ಮಜಾಮಾ ಅಗ್ನಿಪರ್ವತವು ಸುಮಾರು 7,700 ವರ್ಷಗಳ ಹಿಂದೆ ಸಿಡಿದು ಕುಸಿದುದೂ, ಆ ಕುಳಿಯೇ ಕ್ರೇಟರ್ ಸರೋವರವಾದುದೂ ಶಿಲೆಗಳಿಂದ ಸಿದ್ಧವಾಗಿದೆ. ಆ ಸೀಮೆಯ ಗುಹೆಯೊಂದರಲ್ಲಿ, ಅದರ ಬೂದಿಯ ಕೆಳಗೆ, 1938ರಲ್ಲಿ ನಾರಿನ ಪಾದರಕ್ಷೆಗಳು ದೊರೆತುವು. ಅಲ್ಲಿ ಆಗಲೇ ಮನುಷ್ಯರಿದ್ದರು.

ಎಲ್ಲ ಕಥೆಗಳಿಗೂ ಇಂತಹ ಸಾಕ್ಷ್ಯವಿಲ್ಲ. ಆದುದರಿಂದ ಮಕ್ಕಳಿಗೆ ನಾವು ಹೇಳುವುದಿಷ್ಟೆ: ಕಥೆಯನ್ನು ಗೌರವದಿಂದ ಕೇಳಿರಿ, ನಿಜವೇ ಎಂಬುದನ್ನು ಕಲ್ಲುಮಣ್ಣನ್ನು ಕೇಳಿ ತಿಳಿಯಿರಿ.